ಸಾಂತಾನ ಕೈಕೆಳಗಿನ ಕ್ಲಾಸುಗಳು: ಕ್ರಿಸ್‌ಮಸ್ ನಗೆಯಲ್ಲಿ ಇಂಗ್ಲಿಷ್ ವ್ಯಾಕರಣ

ಡಿಸೆಂಬರ್ ಬಂತೆಂದರೆ ಇಂಗ್ಲಿಷ್ ಕಲಿಯುವವರ ನಡುವೆ ಹಳೆಯ ನಗೆಹನಿಯೊಂದು ಮತ್ತೆ ತಲೆ ಎತ್ತುತ್ತದೆ. ಸಾಂತಾ ಕ್ಲಾಸ್‌ನ ಸಹಾಯಕರನ್ನು ಏನೆಂದು ಕರೆಯಬೇಕು? ‘ಸಬಾರ್ಡಿನೇಟ್ ಕ್ಲಾಸಸ್’! ಸಬಾರ್ಡಿನೇಟ್ ಎಂದರೆ ಕೈಕೆಳಗಿನವರು. ವ್ಯಾಕರಣದಲ್ಲಿ ‘ಸಬಾರ್ಡಿನೇಟ್ ಕ್ಲಾಸ್’ ಎಂದರೆ ಪ್ರಧಾನ ವಾಕ್ಯವನ್ನು ಅವಲಂಬಿಸಿದ ಉಪವಾಕ್ಯ. ಸಾಂತಾನ ಕ್ಲಾಸ್‌ಗೂ ಉಪವಾಕ್ಯದ ಕ್ಲಾಸ್‌ಗೂ ಉಚ್ಚಾರಣೆ ಒಂದೇ. ಬರೆಯುವಾಗ ಎರಡನೆಯದರ ಕೊನೆಗೆ ‘ಇ’ ಅಕ್ಷರ ಬರುತ್ತದೆ. ಕನ್ನಡ ಲಿಪಿಯಲ್ಲಿ ತರಗತಿಯೂ ಕ್ಲಾಸೇ ಆದ್ದರಿಂದ ನಮಗೆ ಇನ್ನೊಂದು ಗೊಂದಲ ಉಚಿತ.

ನಕ್ಕಾದ ಮೇಲೆ ನಿಯಮ ನೋಡೋಣ. ‘ಬಿಕಾಸ್ ಸಾಂತಾ ವಾಸ್ ಲೇಟ್’ ಎಂಬಲ್ಲಿ ಕರ್ತೃಪದವೂ ಇದೆ, ಪೂರ್ಣ ಕ್ರಿಯಾಪದವೂ ಇದೆ. ಆದರೂ ‘ಬಿಕಾಸ್’ ತಲೆಯ ಮೇಲೆ ಕುಳಿತಿರುವುದರಿಂದ ಅದು ಸ್ವತಂತ್ರವಾಗಿ ನಿಲ್ಲದು. ಪ್ರಧಾನ ವಾಕ್ಯ ಬೇಕೇ ಬೇಕು. ನಾವು ಎಡವುವುದೂ ಇಲ್ಲಿಯೇ. ‘ಸಾಂತಾ ತಡವಾಗಿ ಬಂದದ್ದರಿಂದ’ ಎಂದು ಕನ್ನಡ ಕೃದಂತದಲ್ಲೇ (ಕ್ರಿಯಾಪದದಿಂದ ಆದ ‘ಬಂದದ್ದು’ ಎಂಬಂಥ ರೂಪದಲ್ಲೇ) ಕೆಲಸ ಮುಗಿಸುತ್ತದೆ, ಕೇಳಿದೊಡನೆಯೇ ಮಾತು ಅರ್ಧವೆಂದು ಗೊತ್ತಾಗುತ್ತದೆ. ಇಂಗ್ಲಿಷಿನ ಉಪವಾಕ್ಯ ಮಾತ್ರ ಪೂರ್ಣವಾಕ್ಯದ ವೇಷ ಹಾಕಿಕೊಂಡು ಬರುತ್ತದೆ. ನಾವು ನಂಬಿ ಪೂರ್ಣವಿರಾಮ ಇಟ್ಟುಬಿಡುತ್ತೇವೆ.

ಎರಡನೆಯದು ಅಲ್ಪವಿರಾಮದ ತಮಾಷೆ. ‘ಗಾಡ್ ರೆಸ್ಟ್ ಯೀ ಮೆರಿ, ಜೆಂಟಲ್‌ಮೆನ್’ ಎಂಬ ಕ್ರಿಸ್‌ಮಸ್ ಗೀತೆಯಲ್ಲಿ ಅಲ್ಪವಿರಾಮ ‘ಮೆರಿ’ಯ ನಂತರ ಬರಬೇಕು. ಇಲ್ಲಿ ‘ರೆಸ್ಟ್’ ಎಂದರೆ ವಿಶ್ರಾಂತಿಯಲ್ಲ, ‘ಇರಿಸು’ ಎಂಬ ಹಳೆಯ ಅರ್ಥ: ಮಹನೀಯರೇ, ದೇವರು ನಿಮ್ಮನ್ನು ಸಂತೋಷವಾಗಿ ಇರಿಸಲಿ. ಚಿಹ್ನೆಯನ್ನು ಒಂದು ಪದ ಹಿಂದಕ್ಕೆ ಸರಿಸಿದರೆ, ಆಗಲೇ ಖುಷಿಯಲ್ಲಿ ತೇಲುತ್ತಿರುವ ಮಹನೀಯರಿಗೆ ದೇವರು ವಿಶ್ರಾಂತಿ ಕೊಡಬೇಕಾಗುತ್ತದೆ. ಬಹುಶಃ ಅವರಿಗೆ ಅದೂ ಬೇಕಿತ್ತು. 1843ರ ‘ಎ ಕ್ರಿಸ್‌ಮಸ್ ಕ್ಯಾರಲ್’ ಕಥೆಯಲ್ಲಿ ಇಂಗ್ಲಿಷ್ ಲೇಖಕ ಡಿಕನ್ಸ್ ಕೂಡ ಈ ಸಾಲನ್ನು ತುಸು ಬದಲಿಸಿ ಬಳಸುವಾಗ ‘ಮೆರಿ’ಯನ್ನು ‘ಜೆಂಟಲ್‌ಮನ್’ಗೇ ಅಂಟಿಸಿದ್ದಾನೆ. ಕನ್ನಡಕ್ಕೆ ಈ ತಲೆನೋವಿಲ್ಲ: ‘ಸಂತೋಷವಾಗಿ’ ಎಂಬಲ್ಲಿನ ‘ಆಗಿ’, ‘ಮಹನೀಯರೇ’ ಎಂಬಲ್ಲಿನ ಸಂಬೋಧನೆಯ ‘ಏ’ ಯಾವುದು ಯಾವುದಕ್ಕೆ ಸೇರಿದ್ದೆಂದು ತಾವೇ ಹೇಳಿಬಿಡುತ್ತವೆ.

ಶುಭಾಶಯ ಪತ್ರ ಬರೆಯುವವರಿಗೆ ಒಂದು ಮಾತು: ‘ಸೀಸನ್ಸ್ ಗ್ರೀಟಿಂಗ್ಸ್’ನಲ್ಲಿ ಅಪಾಸ್ಟ್ರಫಿ ಮೊದಲ ಪದಕ್ಕೆ ಮಾತ್ರ, ಅದು ಷಷ್ಠಿ ವಿಭಕ್ತಿಯ ಗುರುತು. ಎರಡನೆಯದು ಬರೀ ಬಹುವಚನ. ಅಲಂಕಾರ ಮಾಡಬೇಕೆನಿಸಿದರೆ ಮರಕ್ಕೆ ಮಾಡಿ.