ಮಂಗನ ಹಿಂಡಿನಲ್ಲಿ ನಿಜಕ್ಕೂ ಏನು ನಡೆಯುತ್ತೆ? ನೋಡೋದನ್ನು ಕಲಿತ ನೂರು ವರ್ಷ

1925ರಲ್ಲಿ ಲಂಡನ್ ಮೃಗಾಲಯದವರು ಬಂಡೆಗಳ ಒಂದು ಕೃತಕ ಗುಡ್ಡ ಕಟ್ಟಿ, ಅದರ ಮೇಲೆ ಹಮಾಡ್ರಿಯಾಸ್ ಬಬೂನ್ ಎಂಬ ಜಾತಿಯ ಸುಮಾರು ನೂರು ದೊಡ್ಡ ಮಂಗಗಳನ್ನು ತಂದು ಬಿಟ್ಟರು. ಹೆಚ್ಚುಕಮ್ಮಿ ಎಲ್ಲವೂ ಗಂಡು. ಎರಡು ವರ್ಷ ಕಳೆದ ಮೇಲೆ ಒಂದಷ್ಟು ಹೆಣ್ಣುಗಳನ್ನೂ ಸೇರಿಸಿದರು. ಹೊಡೆದಾಟ ನಿಲ್ಲಲೇ ಇಲ್ಲ. ಗಂಡುಗಳ ಎಳೆದಾಟಕ್ಕೆ ಸಿಕ್ಕಿ ಹೆಣ್ಣುಗಳು ಒಂದರ ಹಿಂದೆ ಒಂದು ಸತ್ತವು. ಇದನ್ನೆಲ್ಲ ಗಮನಿಸಿದ ಸಾಲಿ ಜುಕರ್‌ಮನ್, ಮಂಗಗಳ ಸಮಾಜವನ್ನು ಹಿಡಿದಿಟ್ಟಿರುವುದು ಲೈಂಗಿಕ ಸೆಳೆತವೇ ಎಂದು 1932ರಲ್ಲಿ ಪುಸ್ತಕ ಬರೆದರು. ಆ ಮಾತು ಬಹಳ ವರ್ಷ ಚಲಾವಣೆಯಲ್ಲಿತ್ತು.

ತೊಂದರೆ ಇದ್ದದ್ದು ಗುಡ್ಡದಲ್ಲಿ. 1960ರ ದಶಕದಲ್ಲಿ ಹಾನ್ಸ್ ಕುಮ್ಮರ್ ಇಥಿಯೋಪಿಯಾಕ್ಕೆ ಹೋಗಿ ಅದೇ ಜಾತಿಯ ಬಬೂನ್‌ಗಳ ಹಿಂದೆ ನಡೆದರು. ಅಲ್ಲಿ ಒಂದು ಗಂಡಿನ ಜೊತೆ ಕೆಲವು ಹೆಣ್ಣುಗಳ ಪುಟ್ಟ ಸಂಸಾರ ಇರುತ್ತದೆ. ಒಂದು ಹೆಣ್ಣು ಇನ್ನೊಂದು ಗಂಡಿನ ಜೊತೆಗಿದೆ ಅಂತ ಕಂಡರೆ ಉಳಿದ ಗಂಡುಗಳು ಸಾಮಾನ್ಯವಾಗಿ ಕೈ ಹಾಕುವುದಿಲ್ಲ. ಪರಸ್ಪರ ಗುರುತೇ ಇಲ್ಲದ ಗಂಡುಗಳನ್ನು ಒಂದೇ ಕಡೆ ಕೂಡಿಹಾಕಿ, ಬೆರಳೆಣಿಕೆಯ ಹೆಣ್ಣುಗಳನ್ನು ನಡುವೆ ಬಿಟ್ಟರೆ ಏನಾಗುತ್ತದೆ ಅನ್ನೋದನ್ನು ಲಂಡನ್ ತೋರಿಸಿತ್ತು, ಅಷ್ಟೇ. ಈ ವಿಷಯ ಓದುವಾಗಲೆಲ್ಲ ನನಗೆ ಆ ಹೆಣ್ಣುಗಳದ್ದೇ ನೆನಪು. ನೋಡುವ ಜಾಗ ತಪ್ಪಾದರೆ ಅದರ ಬೆಲೆ ಪ್ರಾಣಿಗಳೇ ಕಟ್ಟಬೇಕು.

ಹಾಗಂತ ಬೋನಿನೊಳಗಿನ ಅಧ್ಯಯನವೆಲ್ಲ ವ್ಯರ್ಥ ಅಂತ ನಾನು ಹೇಳುವುದಿಲ್ಲ. ಟೆನೆರಿಫ್ ದ್ವೀಪದಲ್ಲಿ ಮೊದಲ ಮಹಾಯುದ್ಧದ ಹೊತ್ತಿಗೆ ವುಲ್ಫ್‌ಗಾಂಗ್ ಕೋಹ್ಲರ್ ಸಾಕಿದ್ದ ಸುಲ್ತಾನ್ ಎಂಬ ಚಿಂಪಾಂಜಿ, ಎರಡು ಕೋಲುಗಳನ್ನು ಒಂದಕ್ಕೊಂದು ಸಿಕ್ಕಿಸಿ ದೂರದ ಬಾಳೆಹಣ್ಣನ್ನು ಎಳೆದುಕೊಂಡಿತು. ಒಂದು ಚಿಂಪಾಂಜಿ ಏನು ಮಾಡಬಲ್ಲದು ಅನ್ನುವುದಕ್ಕೆ ಬೋನು ಉತ್ತರ ಕೊಡುತ್ತದೆ. ತನ್ನವರ ನಡುವೆ ದಿನವೂ ಏನು ಮಾಡುತ್ತದೆ ಅಂತ ತಿಳಿಯಬೇಕಾದರೆ ಕಾಡಿಗೇ ಹೋಗಬೇಕು.

ಹಾಗೆ ಹೋದ ಮೊದಲಿಗರಲ್ಲಿ ಕ್ಲಾರೆನ್ಸ್ ಕಾರ್ಪೆಂಟರ್ ಒಬ್ಬರು. 1931ರ ಕೊನೆಗೆ ಪನಾಮಾದ ಬಾರೋ ಕೊಲೊರಾಡೊ ದ್ವೀಪದಲ್ಲಿ ಹೌಲರ್ ಮಂಗಗಳನ್ನು ನೋಡತೊಡಗಿದರು. ಲಂಡನ್ನಿನ ಗುಡ್ಡದ ರಕ್ತಪಾತ ಅಲ್ಲಿ ಕಾಣಲಿಲ್ಲ. ಒಂದು ಹಿಂಡು ಇನ್ನೊಂದನ್ನು ಹೆಚ್ಚಾಗಿ ದೂರದಿಂದಲೇ, ಕೂಗಿನಿಂದಲೇ ಎದುರಿಸುತ್ತಿತ್ತು. 1938ರಲ್ಲಿ ಅವರು ಇನ್ನೊಂದು ದೊಡ್ಡ ಕೆಲಸಕ್ಕೆ ಕೈ ಹಾಕಿದರು. ಭಾರತದಿಂದ ಸುಮಾರು 400 ರೀಸಸ್ ಕೋತಿಗಳನ್ನು ಹಡಗಿನಲ್ಲಿ ಸಾಗಿಸಿ, ಪೋರ್ಟೊರಿಕೊ ಪಕ್ಕದ ಕಾಯೊ ಸ್ಯಾಂಟಿಯಾಗೊ ಎಂಬ ಪುಟಾಣಿ ದ್ವೀಪದಲ್ಲಿ ಬಿಟ್ಟರು. ಈ ದ್ವೀಪದ ಹೆಸರು ನೆನಪಿರಲಿ, ಮತ್ತೆ ಬರುತ್ತದೆ.

ಇದೇ ಹುಡುಕಾಟ ಜಪಾನಿನಲ್ಲಿ ಬೇರೆ ದಾರಿ ಹಿಡಿಯಿತು. 1948ರಲ್ಲಿ ಕಿಂಜಿ ಇಮಾನಿಶಿ ಮತ್ತು ಅವರ ಶಿಷ್ಯರು ಕೋಶಿಮಾ ದ್ವೀಪದ ಮಂಗಗಳ ಅಧ್ಯಯನ ಶುರುಮಾಡಿದರು. ಅವರು ಪ್ರತಿ ಮಂಗದ ಮುಖ ಗುರುತಿಟ್ಟು ಹೆಸರು ಕೊಟ್ಟರು, ಯಾರ ಮಗು ಯಾರು ಅಂತ ಬರೆದಿಟ್ಟರು. ಹಾಗಾಗಿಯೇ 1953ರಲ್ಲಿ ಇಮೋ ಎಂಬ ಮರಿ ಹೆಣ್ಣು ಗೆಣಸಿನ ಮಣ್ಣನ್ನು ನೀರಿನಲ್ಲಿ ತೊಳೆದು ತಿಂದಾಗ, ಆ ಅಭ್ಯಾಸ ಯಾರಿಂದ ಯಾರಿಗೆ ಹೋಯಿತು ಅಂತ ಹೇಳಲು ಸಾಧ್ಯವಾಯಿತು. ಮೊದಲು ಕಲಿತದ್ದು ಅದರ ಜೊತೆಗಾರರು ಮತ್ತು ತಾಯಿ. ವಯಸ್ಸಾದ ಗಂಡುಗಳು ಕಲಿಯಲೇ ಇಲ್ಲ. ಮಂಗಗಳನ್ನು ಬರೀ ಸಂಖ್ಯೆಯಾಗಿ ನೋಡಿದ್ದರೆ ಇದೆಲ್ಲ ಗೊತ್ತಾಗುತ್ತಲೇ ಇರಲಿಲ್ಲ, ಅಲ್ವಾ?

1960ರಲ್ಲಿ ಟಾಂಜಾನಿಯಾದ ಗೊಂಬೆ ಕಾಡಿಗೆ ಹೋದ ಜೇನ್ ಗುಡಾಲ್ ಕಥೆ ಬಹಳ ಜನಕ್ಕೆ ಗೊತ್ತು. ಡೇವಿಡ್ ಗ್ರೇಬಿಯರ್ಡ್ ಎಂಬ ಚಿಂಪಾಂಜಿ ಹುಲ್ಲುಕಡ್ಡಿ ತೂರಿಸಿ ಗೆದ್ದಲು ಎತ್ತಿ ತಿಂದದ್ದನ್ನು ಅವರು ಕಂಡರು, ಉಪಕರಣ ಮಾಡುವುದು ಮನುಷ್ಯ ಮಾತ್ರ ಅನ್ನುವ ನಂಬಿಕೆ ಬಿದ್ದುಹೋಯಿತು. ಅದನ್ನು ಇಲ್ಲಿಗೇ ಬಿಡುತ್ತೇನೆ. ನಾನು ಜಾಸ್ತಿ ಹೇಳಬೇಕೆಂದಿರುವುದು ಧಾರವಾಡದ ವಿಷಯ.

1961ರಿಂದ 63ರವರೆಗೆ ಧಾರವಾಡದ ಸುತ್ತಲಿನ ಕಾಡಿನಲ್ಲಿ ಜಪಾನಿನ ಯುಕಿಮಾರು ಸುಗಿಯಾಮ ಮುಸುವಗಳ ಅಧ್ಯಯನ ಮಾಡಿದರು. ಅದಕ್ಕೆ ಸ್ವಲ್ಪ ಮುಂಚೆ ಫಿಲಿಸ್ ಜೇ ಎಂಬ ಸಂಶೋಧಕಿ ಭಾರತದ ಬೇರೆ ಕಡೆ ಇವೇ ಮುಸುವಗಳನ್ನು ನೋಡಿ, ಬಹಳ ಶಾಂತ ಪ್ರಾಣಿಗಳು ಎಂದು ಬರೆದಿದ್ದರು. ಸುಗಿಯಾಮ ಕಂಡದ್ದೇ ಬೇರೆ. ಇಲ್ಲಿ ಎಷ್ಟೋ ಹಿಂಡುಗಳಲ್ಲಿ ಹಲವು ಹೆಣ್ಣುಗಳು, ಒಂದೇ ದೊಡ್ಡ ಗಂಡು. ಹೊರಗಿನ ಗಂಡುಗಳ ಗುಂಪು ಹಿಂಡಿನ ಮೇಲೆ ಬಿತ್ತು, ಇದ್ದ ಗಂಡನ್ನು ಓಡಿಸಿತು. ಗೆದ್ದು ಉಳಿದ ಹೊಸ ಗಂಡು, ತಾಯಂದಿರ ಎದೆಗೆ ಅಂಟಿಕೊಂಡಿದ್ದ ಮರಿಗಳನ್ನು ಕಚ್ಚಿ ಕೊಂದಿತು. ಮರಿ ಕಳೆದುಕೊಂಡ ಹೆಣ್ಣುಗಳು ಬೇಗನೆ ಬೆದೆಗೆ ಬಂದು ಅದೇ ಗಂಡಿನ ಜೊತೆ ಕೂಡಿದವು.

ಸುಗಿಯಾಮ ಇದನ್ನು 1965ರಲ್ಲಿ ಪ್ರಕಟಿಸಿದರು. ನಂಬುವವರು ಕಡಿಮೆ ಇದ್ದರು. ಪ್ರಾಣಿಗಳು ತಮ್ಮ ಜಾತಿಯ ಒಳಿತಿಗಾಗಿ ಬದುಕುತ್ತವೆ ಅನ್ನುವ ಯೋಚನೆ ಆಗ ಗಟ್ಟಿಯಾಗಿತ್ತು. ತನ್ನ ಜಾತಿಯ ಮರಿಯನ್ನೇ ಕೊಲ್ಲುವುದೆಂದರೆ ಏನೋ ಕೆಟ್ಟುಹೋಗಿದೆ, ಜನರ ಕಾಟ ಜಾಸ್ತಿಯಾಗಿದೆ, ಮಂಗಗಳೇ ಜಾಸ್ತಿಯಾಗಿವೆ ಅಂತ ಅರ್ಥ ಮಾಡಿಕೊಂಡರು. 1971ರಲ್ಲಿ ಸಾರಾ ಹರ್ಡಿ ಎಂಬ ಸಂಶೋಧಕಿ ಮುಸುವಗಳನ್ನು ನೋಡಲು ರಾಜಸ್ಥಾನದ ಮೌಂಟ್ ಅಬುವಿಗೆ ಬಂದದ್ದೂ ಆ ಅನುಮಾನ ಹೊತ್ತೇ. ನೋಡುತ್ತಾ ನೋಡುತ್ತಾ ಅವರ ಮನಸ್ಸು ಬದಲಾಯಿತು. ಕೊಲ್ಲುತ್ತಿದ್ದದ್ದು ಹೊರಗಿನಿಂದ ಬಂದ ಗಂಡುಗಳು. ಮರಿ ಹಾಲು ಕುಡಿಯುತ್ತಿರುವಷ್ಟು ಕಾಲ ತಾಯಿ ಬೆದೆಗೆ ಬರುವುದಿಲ್ಲ. ಹೊಸ ಗಂಡು ಹಿಂಡಿನಲ್ಲಿ ಎಷ್ಟು ದಿನ ಉಳಿಯುತ್ತದೋ ಗೊತ್ತಿಲ್ಲ, ಕಾಯುವಷ್ಟು ಸಮಯ ಅದಕ್ಕಿಲ್ಲ.

ಹರ್ಡಿಯವರಲ್ಲಿ ನನಗೆ ಬಹಳ ಇಷ್ಟವಾದದ್ದು, ಅವರು ಗಂಡಿನ ಲೆಕ್ಕಾಚಾರಕ್ಕೇ ನಿಲ್ಲಲಿಲ್ಲ. ಹೆಣ್ಣು ಏನು ಮಾಡುತ್ತಿದೆ ಅಂತಲೂ ಕೇಳಿದರು. ಹೆಣ್ಣುಗಳು ಹೊರಗಿನ ಗಂಡುಗಳ ಜೊತೆಗೂ ಕೂಡುತ್ತಿದ್ದವು, ಬಸಿರಾಗಿದ್ದಾಗಲೂ ಕೂಡುತ್ತಿದ್ದವು. ಮರಿ ಯಾರದ್ದು ಅನ್ನುವುದು ಗಂಡುಗಳಿಗೆ ಸ್ಪಷ್ಟವಾಗದಿದ್ದರೆ ಮರಿಗೆ ಅಷ್ಟು ರಕ್ಷಣೆ ಎಂಬುದು ಹರ್ಡಿಯವರ ವಾದ. ಅಲ್ಲಿಯವರೆಗೆ ಹೆಣ್ಣು ಮಂಗವೆಂದರೆ ಗಂಡುಗಳ ಜಗಳಕ್ಕೆ ಬಹುಮಾನ ಎಂಬಂತೆ ಬರೆಯುತ್ತಿದ್ದರು.

ಮರಿಗಳ ಕೊಲೆಯ ಬಗ್ಗೆ ಸಂಶೋಧಕರ ಜಗಳ ವರ್ಷಗಟ್ಟಲೆ ನಡೆಯಿತು. ಎದುರು ನಿಂತವರಲ್ಲಿ ಫಿಲಿಸ್ ಜೇ ಕೂಡ ಇದ್ದರು, ಆಗ ಅವರ ಹೆಸರು ಫಿಲಿಸ್ ಡಾಲಿನೊ. ಅವರ ಪ್ರಶ್ನೆ ನ್ಯಾಯವಾದದ್ದೇ ಆಗಿತ್ತು: ಕೊಲೆಯನ್ನು ಎಷ್ಟು ಸಲ ಕಣ್ಣಾರೆ ಕಂಡಿದ್ದೀರಿ, ಎಷ್ಟು ಸಲ ಊಹಿಸಿದ್ದೀರಿ? 1999ರಲ್ಲಿ ನೇಪಾಳದ ರಾಮನಗರದ ಮುಸುವಗಳ ಡಿಎನ್‌ಎ ಪರೀಕ್ಷೆಯ ಫಲಿತಾಂಶ ಬಂತು. ಮರಿಗಳ ಮೇಲೆ ಬಿದ್ದಿದ್ದ ಗಂಡುಗಳು ಆ ಮರಿಗಳ ಅಪ್ಪಂದಿರಾಗಿರಲಿಲ್ಲ. ಧಾರವಾಡದ ಕಾಡಿನಲ್ಲಿ ಎದ್ದ ಪ್ರಶ್ನೆಗೆ ಇಷ್ಟು ಗಟ್ಟಿ ಸಾಕ್ಷಿ ಸಿಗಲು ಹತ್ತಿರ ಹತ್ತಿರ ನಾಲ್ಕು ದಶಕ ಬೇಕಾಯಿತು.

ಗೊಂಬೆ ಕಾಡಿನಲ್ಲೂ ಇಂಥದ್ದೇ ಆಯಿತು. 1974ರಿಂದ 78ರವರೆಗೆ ಅಲ್ಲಿ ಒಂದು ಚಿಂಪಾಂಜಿ ಗುಂಪು, ತನ್ನಿಂದಲೇ ಒಡೆದುಹೋದ ಇನ್ನೊಂದರ ಗಂಡುಗಳನ್ನು ಒಬ್ಬೊಬ್ಬರಾಗಿ ಮುಗಿಸಿತು. ಗುಡಾಲ್ ಬಾಳೆಹಣ್ಣು ಹಾಕಿ ಕೆಡಿಸಿದ್ದರಿಂದಲೇ ಹೀಗಾಯಿತು ಎಂದರು ಕೆಲವರು. 2014ರಲ್ಲಿ 18 ಚಿಂಪಾಂಜಿ ಸಮುದಾಯಗಳ ದಾಖಲೆ ಒಟ್ಟುಗೂಡಿಸಿ ನೋಡಿದಾಗ 152 ಕೊಲೆಗಳ ಲೆಕ್ಕ ಸಿಕ್ಕಿತು. ಅದರಲ್ಲಿ ಕಣ್ಣಾರೆ ಕಂಡವು, ಊಹಿಸಿದವು ಎರಡೂ ಇದ್ದವು. ಮನುಷ್ಯರ ಕಾಟ ಹೆಚ್ಚಿದ್ದಲ್ಲಿ ಕೊಲೆಯೂ ಹೆಚ್ಚು ಎಂಬ ಸಂಬಂಧ ಮಾತ್ರ ಕಾಣಲಿಲ್ಲ.

ಇಷ್ಟೆಲ್ಲ ವಾದ ಆಗಲು ಒಂದು ಕಾರಣ, ಎಲ್ಲರೂ ತಮ್ಮ ಕಣ್ಣಿಗೆ ಬಿದ್ದದ್ದನ್ನು ಬರೆದುಕೊಳ್ಳುತ್ತಿದ್ದರು. ಕಣ್ಣಿಗೆ ಬೀಳುವುದು ಜಗಳ, ಕಿರುಚಾಟ, ದೊಡ್ಡ ಗಂಡು. ಸುಮ್ನೆ ಕೂತು ಮರಿಯ ಕೂದಲು ಬಿಡಿಸುವ ತಾಯಿ ಬೀಳುವುದಿಲ್ಲ. ಪ್ರತ್ಯಕ್ಷ ಕಂಡರೂ ಪ್ರಮಾಣಿಸಿ ನೋಡು ಅಂತಾರಲ್ಲ, ಆ ಪ್ರಮಾಣಿಸುವ ದಾರಿಯನ್ನು 1974ರಲ್ಲಿ ಜೀನ್ ಆಲ್ಟ್‌ಮನ್ ಒಂದು ಲೇಖನದಲ್ಲಿ ವಿವರವಾಗಿ ಬರೆದರು. ಗಣಿತ ಓದಿದವರು. ಒಂದು ಪ್ರಾಣಿಯನ್ನು ಆರಿಸಿಕೋ, ನಿಗದಿ ಮಾಡಿದಷ್ಟು ನಿಮಿಷ ಅದನ್ನೇ ನೋಡು, ಮಾಡಿದ್ದನ್ನೆಲ್ಲ ಬರೆ, ಪಕ್ಕದಲ್ಲಿ ಎಂಥ ಕದನ ನಡೆದರೂ ಕಣ್ಣು ತಿರುಗಿಸಬೇಡ, ಆಮೇಲೆ ಮುಂದಿನ ಪ್ರಾಣಿ. ಇಷ್ಟು ಸರಳ. ಈ ವಿಷಯದಲ್ಲಿ ಬಂದ ಅತಿ ಮುಖ್ಯ ಬರಹ ಇದೇ ಅಂತ ನನ್ನ ನಂಬಿಕೆ, ಆದರೂ ಹೊರಗಿನವರಿಗೆ ಆಲ್ಟ್‌ಮನ್ ಹೆಸರು ಗೊತ್ತಿರುವುದು ಕಡಿಮೆ. ಕೆನ್ಯಾದ ಅಂಬೊಸೆಲಿಯಲ್ಲಿ ಅವರ ಬಳಗ ದಶಕಗಟ್ಟಲೆ ಬಬೂನ್‌ಗಳನ್ನು ಹೀಗೆ ನೋಡಿದ್ದರಿಂದ 2003ರಲ್ಲಿ ಒಂದು ದೊಡ್ಡ ಸಂಗತಿ ಹೊರಬಂತು. ಬೇರೆ ಬಬೂನ್‌ಗಳ ಜೊತೆ ಹೆಚ್ಚು ಒಡನಾಟ ಇಟ್ಟುಕೊಂಡ ಹೆಣ್ಣುಗಳ ಮರಿಗಳು ಬದುಕುಳಿಯುವುದು ಜಾಸ್ತಿ. ಜಗಳ ನೋಡಲು ಓಡುತ್ತಿದ್ದ ಕಣ್ಣಿಗೆ ಇದು ಕಾಣುತ್ತಿತ್ತೇ?

ಈಗ ಕಾಯೊ ಸ್ಯಾಂಟಿಯಾಗೊ. 1938ರಲ್ಲಿ ಹಡಗಿನಲ್ಲಿ ಹೋದ ಕೋತಿಗಳ ವಂಶದವರು ಅಲ್ಲೇ ಇದ್ದಾರೆ. 2017ರ ಸೆಪ್ಟೆಂಬರ್‌ನಲ್ಲಿ ಮಾರಿಯಾ ಚಂಡಮಾರುತ ಬಡಿದು ದ್ವೀಪದ ಮರಗಿಡಗಳಲ್ಲಿ ಬಹುಪಾಲು ನೆಲಕಚ್ಚಿದವು. ನೆರಳು ಎಲ್ಲಕ್ಕಿಂತ ಬೆಲೆಯುಳ್ಳದ್ದಾಯಿತು. ರೀಸಸ್ ಕೋತಿಗಳು ಜಗಳಗಂಟಿಗಳೆಂದೇ ಹೆಸರಾದವು, ಇನ್ನು ನೆರಳಿಗಾಗಿ ಕಚ್ಚಾಡುತ್ತವೆ ಅಂತ ಯಾರಾದರೂ ಅಂದುಕೊಳ್ಳಬಹುದಿತ್ತು. ಆದದ್ದು ಉಲ್ಟಾ. ಅವು ಪಕ್ಕದಲ್ಲಿ ಬೇರೆಯವರನ್ನು ಮೊದಲಿಗಿಂತ ಹೆಚ್ಚು ಸಹಿಸತೊಡಗಿದವು, ಜಗಳ ಕಡಿಮೆಯಾಯಿತು, ಹೊಸ ಒಡನಾಟಗಳು ಬೆಳೆದವು. ಚಂಡಮಾರುತಕ್ಕೆ ಮುಂಚೆ ಯಾವ ಕೋತಿ ಯಾರ ಪಕ್ಕ ಕೂರುತ್ತಿತ್ತು ಎಂಬುದು ವರ್ಷಗಳಿಂದ ನಿಮಿಷ ನಿಮಿಷದ ಲೆಕ್ಕದಲ್ಲಿ ದಾಖಲಾಗಿತ್ತು, ಅದಕ್ಕೇ ಈ ಬದಲಾವಣೆ ಕಂಡಿತು. ವರ್ಷಗಳ ನಂತರವೂ ಅವು ಬಿರುಬಿಸಿಲಿನಲ್ಲಿ ಸಿಕ್ಕ ನೆರಳಿನಲ್ಲಿ ಒತ್ತೊತ್ತಾಗಿ ಕೂರುತ್ತಿದ್ದವು.