ಯೂಲಿಯಾನೆ ಲೊರೆನ್ಸ್: ಸಂಕಲನದ ಮೇಜಿನಿಂದ ಚಿತ್ರಗಳ ಕಾವಲಿಗೆ

ಜರ್ಮನ್ ಚಿತ್ರಸಂಕಲನವನ್ನು ಅಭ್ಯಾಸ ಮಾಡುವವರು ಯೂಲಿಯಾನೆ ಲೊರೆನ್ಸ್ ಅವರ ವೃತ್ತಿಜೀವನವನ್ನು 1982ರ ಜೂನ್ ತಿಂಗಳ ಆಚೆ ಈಚೆ ಎಂದು ಎರಡು ಭಾಗವಾಗಿ ಓದಿಕೊಳ್ಳುವುದು ಅನುಕೂಲ. ನಿರ್ದೇಶಕ ರೈನರ್ ವೆರ್ನರ್ ಫಾಸ್‌ಬಿಂಡರ್ ಮೂವತ್ತೇಳನೆಯ ವಯಸ್ಸಿನಲ್ಲಿ ತೀರಿಕೊಂಡದ್ದು ಆ ತಿಂಗಳಲ್ಲಿ. 1957ರಲ್ಲಿ ಮನ್‌ಹೈಮ್‌ನಲ್ಲಿ ಹುಟ್ಟಿದ ಲೊರೆನ್ಸ್ 1976ರಲ್ಲಿ ಫಾಸ್‌ಬಿಂಡರ್ ಚಿತ್ರವೊಂದಕ್ಕೆ ಸಹಾಯಕ ಸಂಕಲನಕಾರ್ತಿಯಾಗಿ ಬಂದಾಗ ಇಪ್ಪತ್ತು ವರ್ಷವೂ ತುಂಬಿರಲಿಲ್ಲ; ಮುಂದಿನ ಆರು ವರ್ಷಗಳಲ್ಲಿ ಅವರ ಕೈಯಲ್ಲಿ ಹಾದುಹೋದ ಚಿತ್ರಗಳು ಅನೇಕ ಸಂಕಲನಕಾರರ ಇಡೀ ಜೀವಮಾನಕ್ಕೆ ಸಾಕಾಗುವಷ್ಟು.

ಶೀರ್ಷಿಕೆಪಟ್ಟಿಯಲ್ಲಿ ಲೊರೆನ್ಸ್ ಹೆಸರಿನ ಜೊತೆಗೆ ಹಲವು ಕಡೆ 'ಫ್ರಾಂಜ್ ವಾಲ್ಶ್' ಎಂಬ ಹೆಸರು ಕಾಣುತ್ತದೆ. ಅದು ಫಾಸ್‌ಬಿಂಡರ್ ಅವರದೇ ಗುಪ್ತನಾಮ. ಅವರು ಬೇಗ ಚಿತ್ರೀಕರಿಸುವವರು, ಒಂದೇ ದೃಶ್ಯವನ್ನು ಮತ್ತೆ ಮತ್ತೆ ತೆಗೆಯುವ ಟೇಕ್‌ಗಳೂ ಕಡಿಮೆ. ಹೀಗಾಗಿ ಮೇಜಿಗೆ ಬರುತ್ತಿದ್ದ ತುಣುಕುಗಳಲ್ಲಿ ಆಯ್ಕೆಗೆ ಅವಕಾಶ ಸ್ವಲ್ಪವೇ. ಹಾಗಿದ್ದರೆ ಸಂಕಲನಕಾರ್ತಿಗೆ ಉಳಿಯುವ ಕೆಲಸವೇನು ಎಂಬ ಪ್ರಶ್ನೆಗೆ 1979ರ 'ಮರಿಯಾ ಬ್ರೌನಳ ಮದುವೆ' ಚಿತ್ರದ ಕೊನೆಯ ನಿಮಿಷಗಳನ್ನು ಕಣ್ಣು ಮುಚ್ಚಿ ಕೇಳುವುದೇ ಒಳ್ಳೆಯ ಉತ್ತರವೆಂದು ನನಗೆ ತೋರುತ್ತದೆ. ರೇಡಿಯೋದಲ್ಲಿ 1954ರ ಫುಟ್‌ಬಾಲ್ ವಿಶ್ವಕಪ್ ಫೈನಲ್‌ನ ವೀಕ್ಷಕ ವಿವರಣೆ ಮಾತುಕತೆಯ ಅಡಿಯಲ್ಲಿ ಎಡೆಬಿಡದೆ ಹರಿಯುತ್ತದೆ, ಕೆಲವೊಮ್ಮೆ ಮಾತನ್ನೇ ನುಂಗುತ್ತದೆ. ಗ್ಯಾಸ್ ಸ್ಫೋಟಿಸಿ ಮನೆ ಸಿಡಿದ ಮೇಲೂ ಜರ್ಮನಿ ಗೆದ್ದಿತೆಂಬ ಆ ಕೂಗು ನಿಲ್ಲುವುದಿಲ್ಲ. ಇಲ್ಲಿ ಅರ್ಥ ಹುಟ್ಟುವುದು ಎರಡು ಶಾಟ್‌ಗಳ ನಡುವಿನ ಜೋಡಣೆಯಿಂದ ಎನ್ನುವುದಕ್ಕಿಂತ, ಚಿತ್ರದ ಮೇಲೆ ಶಬ್ದವನ್ನು ಎಲ್ಲಿಯವರೆಗೆ ಎಳೆಯಬೇಕು ಎಂಬ ತೀರ್ಮಾನದಿಂದ. ಅದರಲ್ಲಿ ಯಾರ ಪಾಲು ಎಷ್ಟೆಂದು ಅಳೆಯಹೋಗುವುದು ವ್ಯರ್ಥ.

ದೂರದರ್ಶನದ ಕೆಲಸಕ್ಕೆ ದೊಡ್ಡ ಉದಾಹರಣೆ 1980ರಲ್ಲಿ ಪ್ರಸಾರವಾದ 'ಬರ್ಲಿನ್ ಅಲೆಕ್ಸಾಂಡರ್‌ಪ್ಲಾಟ್ಸ್'. ಆಲ್‌ಫ್ರೆಡ್ ಡ್ಯೋಬ್ಲಿನ್ ಅವರ ಕಾದಂಬರಿಯನ್ನು ಆಧರಿಸಿ 16 ಮಿ.ಮೀ. ಫಿಲ್ಮಿನಲ್ಲಿ ತೆಗೆದ, 13 ಕಂತುಗಳೂ ಒಂದು ಉಪಸಂಹಾರವೂ ಸೇರಿ ಸುಮಾರು 15 ಗಂಟೆ ಓಡುವ ಈ ಕೃತಿಯಲ್ಲಿ ವಾರದಿಂದ ವಾರಕ್ಕೆ ಎಳೆ ತಪ್ಪದಂತೆ ನೋಡಿಕೊಳ್ಳುವ ಹೊಣೆಯೂ ಸಂಕಲನಕ್ಕಿತ್ತು. (ಫ್ರಾಂಜ್ ವಾಲ್ಶ್‌ನ ಮೊದಲರ್ಧ ಬಂದದ್ದೂ ಈ ಕಾದಂಬರಿಯ ನಾಯಕನಿಂದಲೇ.) ಪ್ರಸಾರದ ಸಮಯದಲ್ಲಿ ದೃಶ್ಯಗಳು ತೀರಾ ಕತ್ತಲಾಗಿವೆ ಎಂದು ವೀಕ್ಷಕರು ದೂರಿದ್ದರು.

ಫಾಸ್‌ಬಿಂಡರ್ ನಂತರವೂ ಲೊರೆನ್ಸ್ ಸಂಕಲನ ಬಿಡಲಿಲ್ಲ. ನಿರ್ದೇಶಕ ವೆರ್ನರ್ ಶ್ರೋಟರ್ ಅವರ 'ಮಲೀನಾ' ಚಿತ್ರವನ್ನು ಸಂಕಲಿಸಿದವರು ಅವರೇ. ಆದರೆ 1992ರಲ್ಲಿ, ಫಾಸ್‌ಬಿಂಡರ್ ಅವರ ತಾಯಿ ಸ್ಥಾಪಿಸಿದ್ದ ಪ್ರತಿಷ್ಠಾನದ ಹೊಣೆ ಹೊತ್ತ ಮೇಲೆ, ಹಳೆಯ ನೆಗೆಟಿವ್‌ಗಳನ್ನು ಉಳಿಸಿ ಚಿತ್ರಗಳನ್ನು ಮತ್ತೆ ಪರದೆಗೆ ತರುವುದೇ ಅವರ ಮುಖ್ಯ ಕಾಯಕವಾಯಿತು. 'ಬರ್ಲಿನ್ ಅಲೆಕ್ಸಾಂಡರ್‌ಪ್ಲಾಟ್ಸ್' ಧಾರಾವಾಹಿಯ ಪುನರುಜ್ಜೀವಿತ ಪ್ರತಿ 2007ರ ಬರ್ಲಿನ್ ಚಿತ್ರೋತ್ಸವದಲ್ಲಿ ಪ್ರದರ್ಶನ ಕಂಡಿತು. ಒಮ್ಮೆ ಕತ್ತಲೆ ಹೆಚ್ಚೆಂದು ದೂರು ಕೇಳಿದ್ದ ಆ ಕೃತಿಗೆ ಈ ಸಲ ಬೆಳಕು ಹೆಚ್ಚಾಯಿತೆಂಬ ಆಕ್ಷೇಪ ಬಂತು.