ಡೇರೆಯ ಹೊರಗೆ, ಡೇರೆಯ ಒಳಗೆ: ಕಾರ್ನಿವಲ್ ಚಿತ್ರಗಳ ಅಧ್ಯಯನ ಟಿಪ್ಪಣಿ

ಊರೂರು ತಿರುಗುವ ಕಾರ್ನಿವಲ್‌ಗಳ ಚಿತ್ರಗಳನ್ನು ಅಭ್ಯಾಸ ಮಾಡುವವರು ಸಾಮಾನ್ಯವಾಗಿ ಬಣ್ಣ, ದೀಪ, ವಿಚಿತ್ರ ವೇಷಗಳಿಂದ ಶುರು ಮಾಡುತ್ತಾರೆ. ಅದಕ್ಕೂ ಮೊದಲು ಕೇಳಿಕೊಳ್ಳಬೇಕಾದದ್ದು: ದುಡ್ಡು ಯಾವಾಗ ಕೈ ಬದಲಾಯಿಸಿತು? ದುಡ್ಡು ಕೊಟ್ಟವನಿಗೆ ಕಂಡದ್ದೇನು, ಚಿತ್ರ ನೋಡುತ್ತಿರುವ ನಮಗೆ ಕಂಡದ್ದೇನು? ಇವೆರಡರ ನಡುವೆ ಎಲ್ಲಿ ವ್ಯತ್ಯಾಸ ಬರುತ್ತದೋ ಅಲ್ಲೇ ನಿರ್ದೇಶಕನ ಕೈಚಳಕ ಸಿಗುತ್ತದೆ. ಈ ಟಿಪ್ಪಣಿ ಪೂರ್ತಿ ಆ ಜಾಡಿನಲ್ಲೇ ಸಾಗುತ್ತದೆ.

ಮೊದಲು ಜಾಗ ಗುರುತಿಸಿ

ಸರ್ಕಸ್ಸು, ಕಾರ್ನಿವಲ್ಲು, ಅಮ್ಯೂಸ್‌ಮೆಂಟ್ ಪಾರ್ಕು, ಈ ಮೂರನ್ನೂ ಒಂದೇ ಎಂದುಕೊಂಡರೆ ಮುಂದಿನದೆಲ್ಲ ಕಲಸಿಹೋಗುತ್ತದೆ. ಸರ್ಕಸ್ಸಿಗೆ ಒಂದು ದೊಡ್ಡ ಡೇರೆ, ಒಂದು ಟಿಕೆಟ್ಟು. ಜನ ಸುತ್ತ ಕೂತು ನೋಡುತ್ತಾರೆ. ಕಾರ್ನಿವಲ್‌ನಲ್ಲಿ ಜನ ನಡೆಯುತ್ತಲೇ ಇರುತ್ತಾರೆ, ಒಂದೊಂದು ಅಂಗಡಿಗೂ ಒಂದೊಂದು ಡೇರೆಗೂ ಬೇರೆ ಬೇರೆ ದುಡ್ಡು ಕೊಡುತ್ತಾರೆ. ಪಾರ್ಕು ಇದ್ದಲ್ಲೇ ಇರುತ್ತದೆ. 'ದಿ ಥರ್ಡ್ ಮ್ಯಾನ್' (1949) ಚಿತ್ರದ ಪ್ರಸಿದ್ಧ ಜೈಂಟ್ ವೀಲ್ ವಿಯೆನ್ನಾದ ಪ್ರಾಟರ್‌ನಲ್ಲಿ 1897ರಿಂದ ನಿಂತಲ್ಲೇ ನಿಂತಿದೆ. ಅದನ್ನು ಕಾರ್ನಿವಲ್ ಚಿತ್ರಗಳ ಪಟ್ಟಿಗೆ ಸೇರಿಸಬೇಡಿ.

ಅಮೆರಿಕದ ಕಾರ್ನಿವಲ್‌ಗೆ ಮಾದರಿ ಸಿಕ್ಕಿದ್ದು 1893ರ ಶಿಕಾಗೋ ವಸ್ತುಪ್ರದರ್ಶನದಲ್ಲಿ. ಅಲ್ಲಿನ ಮಿಡ್‌ವೇ ಎಂಬ ಬೀದಿಯಲ್ಲೇ ಮೊದಲ ಫೆರಿಸ್ ವೀಲ್ ನಿಂತದ್ದು: ಎತ್ತರ ಸುಮಾರು 80 ಮೀಟರ್, 36 ಪೆಟ್ಟಿಗೆ, ಒಂದೊಂದರಲ್ಲಿ 60 ಜನ. ಎರಡೂ ಬದಿಗೆ ಆಟ, ಡೇರೆ, ತಿಂಡಿ ಅಂಗಡಿಗಳಿರುವ ನಡಿಗೆಯ ದಾರಿಗೆ ಮಿಡ್‌ವೇ ಎಂಬ ಹೆಸರೇ ಉಳಿಯಿತು. ಕಾರ್ನಿವಲ್ ಚಿತ್ರದಲ್ಲಿ ಕ್ಯಾಮೆರಾ ಪಾತ್ರದ ಬೆನ್ನಿಗೆ ಬಿದ್ದು ನಡೆಯುವುದು ಮೈದಾನದ ಈ ರಚನೆಯಿಂದಾಗಿಯೇ. ಸರ್ಕಸ್ ಚಿತ್ರದಲ್ಲಾದರೆ ಅದು ಹೆಚ್ಚಾಗಿ ಪ್ರೇಕ್ಷಕರ ಸಾಲಿನಲ್ಲೋ ರಿಂಗಿನ ಒಳಗೋ ನಿಲ್ಲುತ್ತದೆ. ಚಾಪ್ಲಿನ್‌ರ 'ದಿ ಸರ್ಕಸ್' (1928) ಎರಡನ್ನೂ ಒಟ್ಟಿಗೆ ತೋರಿಸುತ್ತದೆ. ಮೊದಲಿಗೆ ಮೈದಾನದ ಅಂಗಡಿಗಳ ನಡುವೆ ಓಟ, ಕನ್ನಡಿಗಳ ಕೋಣೆ, ಆಮೇಲೆ ರಿಂಗು. ಕ್ಯಾಮೆರಾದ ನಡೆ ಎಲ್ಲಿ ಬದಲಾಗುತ್ತದೆ ಎಂದು ಗುರುತು ಹಾಕಿಕೊಂಡು ನೋಡಿ.

ಡೇರೆಯ ವ್ಯವಹಾರ

ಸೈಡ್‌ಶೋ, ಅಂದರೆ ಡೇರೆಯೊಳಗೆ ಬೇರೆ ಟಿಕೆಟ್ಟಿಗೆ ತೋರಿಸುವ ವಿಚಿತ್ರಗಳ ಪ್ರದರ್ಶನ, ನಡೆಯುವ ಕ್ರಮ ತಿಳಿದಿರದಿದ್ದರೆ ಅರ್ಧ ದೃಶ್ಯಗಳು ಅರ್ಥವಾಗುವುದಿಲ್ಲ. ಡೇರೆಯ ಮುಂದೆ ಎತ್ತರದ ಕಟ್ಟೆಯೊಂದಿರುತ್ತದೆ, ಅದಕ್ಕೆ ಬ್ಯಾಲಿ ಎನ್ನುತ್ತಾರೆ. ಅದರ ಮೇಲೆ ನಿಂತು ಜನ ಸೇರಿಸುವವನನ್ನು ಹೊರಗಿನವರು ಬಾರ್ಕರ್ ಎಂದು ಕರೆದರೂ ಕಾರ್ನಿವಲ್‌ನವರಿಗೆ ಅವನು ಟಾಕರ್. ಒಳಗಿನ ಕಲಾವಿದರಲ್ಲಿ ಒಬ್ಬಿಬ್ಬರನ್ನು ಹೊರಗೆ ಕರೆದು ಬಿಟ್ಟಿಯಾಗಿ ಒಂಚೂರು ತೋರಿಸುತ್ತಾನೆ. ಜನ ಹತ್ತಿರ ಸರಿದಾಗ ಮಾತು ನಿಲ್ಲಿಸಿ ಟಿಕೆಟ್ಟಿನ ಕಡೆ ತಿರುಗಿಸುತ್ತಾನೆ. ಒಂದೇ ಟಿಕೆಟ್ಟಿಗೆ ಹತ್ತು ಪ್ರದರ್ಶನ ತೋರಿಸುವ ಡೇರೆ ಟೆನ್-ಇನ್-ಒನ್. ಹತ್ತೂ ಮುಗಿದ ಮೇಲೆ ಪರದೆಯ ಹಿಂದೆ ಇನ್ನೊಂದಿದೆ, ಅದಕ್ಕೆ ಮತ್ತೆ ದುಡ್ಡು ಎನ್ನುತ್ತಾರೆ, ಅದು ಬ್ಲೋ-ಆಫ್. ಹೀಗೆ ಡೇರೆಯ ಮುಂದೆ ತೂಗುಹಾಕಿದ ಬಟ್ಟೆಯ ಮೇಲಿನ ಚಿತ್ರ, ಬಿಟ್ಟಿ ತುಣುಕು, ಟಿಕೆಟ್ಟು, ಎರಡನೆಯ ಟಿಕೆಟ್ಟು ಎಂದು ನಾಲ್ಕು ಹಂತ. ದೃಶ್ಯವೊಂದು ಇವುಗಳಲ್ಲಿ ಎಲ್ಲಿ ಶುರುವಾಗಿ ಎಲ್ಲಿ ಕಟ್ ಆಗುತ್ತದೆ ಎಂಬುದನ್ನು ಅಂಚಿನಲ್ಲಿ ಬರೆದುಕೊಂಡರೆ ವಿಶ್ಲೇಷಣೆಯ ಅರ್ಧ ಕೆಲಸ ಮುಗಿದಂತೆ.

ರಾಬರ್ಟ್ ವೀನೆ ಅವರ 'ದಿ ಕ್ಯಾಬಿನೆಟ್ ಆಫ್ ಡಾ. ಕ್ಯಾಲಿಗರಿ' (1920) ಈ ಕ್ರಮಕ್ಕೆ ಎಲ್ಲಕ್ಕಿಂತ ಸ್ಪಷ್ಟ ಉದಾಹರಣೆ. ಜಾತ್ರೆಗೆ ಬಂದ ಪ್ರದರ್ಶಕ ಕ್ಯಾಲಿಗರಿ ಮೊದಲು ಪ್ರದರ್ಶನದ ಪರವಾನಗಿಗೆ ಗುಮಾಸ್ತನ ಮುಂದೆ ಕೈಕಟ್ಟಿ ನಿಲ್ಲಬೇಕು. ಎತ್ತರದ ಸ್ಟೂಲಿನ ಮೇಲೆ ಕೂತ ಗುಮಾಸ್ತ ಅವನನ್ನು ಗದರುತ್ತಾನೆ; ಆ ರಾತ್ರಿಯೇ ಗುಮಾಸ್ತನ ಕೊಲೆಯಾಗುತ್ತದೆ. ಆಮೇಲೆ ಡೇರೆಯ ಮುಂದೆ ಕೈಗಂಟೆ, ನಿದ್ರೆಯಲ್ಲಿ ನಡೆಯುವ ಸೆಸಾರೆಯ ಚಿತ್ರಪಟ. ಒಳಗೆ ನಿಲ್ಲಿಸಿದ ಪೆಟ್ಟಿಗೆ ತೆರೆದಾಗ ಕ್ಲೋಸ್‌ಅಪ್‌ನಲ್ಲಿ ಸೆಸಾರೆಯ ಪಾತ್ರದ ಕಾನ್ರಾಡ್ ವೈಟ್ ಕಣ್ಣು ತೆರೆಯುವುದನ್ನು ಗಡಿಯಾರ ಹಿಡಿದು ನೋಡಿ. ಮೊದಲು ಮುಖ ಅದುರುತ್ತದೆ, ನಂತರ ರೆಪ್ಪೆ, ಕೊನೆಗೆ ಅಗತ್ಯಕ್ಕಿಂತ ಹೆಚ್ಚು ಅಗಲವಾದ ಕಣ್ಣು. ನಾನೆಷ್ಟು ದಿನ ಬದುಕುತ್ತೇನೆ ಎಂದು ಪ್ರೇಕ್ಷಕರಲ್ಲೊಬ್ಬನಾದ ಆಲನ್ ಕೇಳುತ್ತಾನೆ. ಬೆಳಗಾಗುವವರೆಗೆ ಎಂಬ ಉತ್ತರ ಬರುತ್ತದೆ. ದುಡ್ಡು ಕೊಟ್ಟು ನೋಡಲು ಬಂದವನೇ ಪ್ರದರ್ಶನದ ಭಾಗವಾಗಿಬಿಡುತ್ತಾನೆ. ಈ ತಿರುವನ್ನು ಮುಂದಿನ ಅನೇಕ ಕಾರ್ನಿವಲ್ ಚಿತ್ರಗಳಲ್ಲಿ ಹುಡುಕಬಹುದು. ಚಿತ್ರದ ಸೆಟ್ಟಿನ ಓರೆಕೋರೆ ಗೋಡೆಗಳ ಬಗ್ಗೆ ಪುಟಗಟ್ಟಲೆ ಬರೆದು ಈ ವ್ಯವಹಾರವನ್ನು ಬಿಟ್ಟುಬಿಡುವುದು ವಿದ್ಯಾರ್ಥಿಗಳ ಬರಹದಲ್ಲಿ ಸಾಮಾನ್ಯ ಕೊರತೆ.

ಟಾಡ್ ಬ್ರೌನಿಂಗ್ ಅವರ 'ಫ್ರೀಕ್ಸ್' (1932) ಶುರುವಾಗುವುದು ಟಾಕರ್‌ನ ಮಾತಿನಿಂದ. ಜನರನ್ನು ಒಂದು ತೊಟ್ಟಿಯ ಬಳಿಗೆ ಕರೆದೊಯ್ಯುತ್ತಾನೆ, ಒಬ್ಬಾಕೆ ಚೀರುತ್ತಾಳೆ. ಒಳಗೇನಿದೆ ಎಂದು ನಮಗೆ ಕಾಣಿಸುವುದಿಲ್ಲ. ಕಥೆ ಹಿಂದಕ್ಕೆ ಹೋಗುತ್ತದೆ. ನಡುವಿನ ಭಾಗದಲ್ಲಿ ಬ್ರೌನಿಂಗ್ ಕಟ್ಟೆಯನ್ನೂ ಪ್ರೇಕ್ಷಕರನ್ನೂ ಬಹುಪಾಲು ಚೌಕಟ್ಟಿನಿಂದ ಹೊರಗಿಟ್ಟು, ಪ್ರದರ್ಶನಕ್ಕೆ ನಿಲ್ಲುವವರ ಮನೆಬದುಕನ್ನು ತೋರಿಸುತ್ತಾರೆ: ಬಟ್ಟೆ ಒಣಹಾಕುವುದು, ಊಟ, ಹೆರಿಗೆ, ಜಗಳ. ಕೈಕಾಲಿಲ್ಲದ ಪ್ರಿನ್ಸ್ ರಾಂಡಿಯನ್ ಬಾಯಿಯಿಂದಲೇ ಸಿಗರೇಟು ಹೊತ್ತಿಸುವ ಶಾಟ್‌ನಲ್ಲಿ ಡೋಲೂ ಇಲ್ಲ, ಟಾಕರನೂ ಇಲ್ಲ. ಎದುರಿಗಿರುವವನು ತನ್ನ ಪಾಡಿಗೆ ತನ್ನ ಸುದ್ದಿ ಹೇಳುತ್ತಿರುತ್ತಾನೆ. ಈ ಚಿತ್ರದ ದೊಡ್ಡತನ ಇಲ್ಲಿದೆ. ಆದರೆ ಕೊನೆಯಲ್ಲಿ ಚಿತ್ರ ತೊಟ್ಟಿಯ ಬಳಿಗೆ ಮರಳಿ, ತಾನು ಮೊದಲು ಮಾಡಿದ ವಾಗ್ದಾನವನ್ನು ತೀರಿಸುತ್ತದೆ. ಅಲ್ಲಿ ನಮ್ಮನ್ನೂ ಟಿಕೆಟ್ಟು ಕೊಂಡವರ ಸಾಲಿಗೆ ನಿಲ್ಲಿಸುತ್ತದೆ. ಈ ಎರಡು ಭಾಗಗಳು ಒಂದಕ್ಕೊಂದು ಹೊಂದುವುದಿಲ್ಲ. ಹೊಂದುತ್ತವೆ ಎಂದು ಬಲವಂತವಾಗಿ ಸಾಧಿಸಲು ಹೋಗಬೇಡಿ.

'ನೈಟ್‌ಮೇರ್ ಆಲಿ' ಎರಡು ಸಲ ಚಿತ್ರವಾಗಿದೆ: 1947ರಲ್ಲಿ ಎಡ್ಮಂಡ್ ಗೂಲ್ಡಿಂಗ್, 2021ರಲ್ಲಿ ಗಿಯೆರ್ಮೊ ದೆಲ್ ತೋರೊ. ಎರಡಕ್ಕೂ ಮೂಲ ವಿಲಿಯಂ ಲಿಂಡ್ಸೇ ಗ್ರೆಶಮ್ ಅವರ 1946ರ ಕಾದಂಬರಿ. ಹೋಲಿಕೆಗೆ ಗೀಕ್ ದೃಶ್ಯ ಒಂದೇ ಸಾಕು. ಗೀಕ್ ಎಂದರೆ ಒಂದು ಬಾಟಲಿ ಹೆಂಡಕ್ಕಾಗಿ ಜೀವಂತ ಕೋಳಿಯನ್ನು ಬಾಯಿಂದ ಕಚ್ಚಿ ತೋರಿಸುವ ಸ್ಥಿತಿಗೆ ಇಳಿದವನು. 1947ರ ಚಿತ್ರದಲ್ಲಿ ಕ್ಯಾಮೆರಾ ಗೀಕ್ ಇರುವ ಗುಂಡಿಯೊಳಗೆ ಇಣುಕುವುದಿಲ್ಲ. ಕೋಳಿಯ ಸದ್ದು, ಜನರ ಗದ್ದಲ, ನಾಯಕ ಸ್ಟ್ಯಾನ್‌ನ ಪಾತ್ರದ ಟೈರೋನ್ ಪವರ್ ಮುಖ, ಅಷ್ಟೇ. ಆ ಕಾಲದ ಹಾಲಿವುಡ್‌ನ ಸ್ವಯಂ ಸೆನ್ಸಾರ್ ಸಂಹಿತೆಯಡಿ ಅದನ್ನು ತೋರಿಸಲು ಆಗುತ್ತಲೂ ಇರಲಿಲ್ಲ. 2021ರದ್ದರಲ್ಲಿ ಕಚ್ಚುವುದೇ ಕಾಣುತ್ತದೆ. ತೋರಿಸದ ಹಳೆಯ ದೃಶ್ಯವೇ ಹೆಚ್ಚು ಬಲವಾದದ್ದು, ಯಾಕೆಂದರೆ ಅಲ್ಲಿ ಸ್ಟ್ಯಾನ್‌ನ ಕುತೂಹಲವೇ ದೃಶ್ಯದ ವಸ್ತು. ಕೊನೆಯ ವಿಷಯದಲ್ಲಿ ಮಾತ್ರ ತೀರ್ಪು ತಿರುಗುಮುರುಗು: 1947ರಲ್ಲಿ ಅವನ ಹೆಂಡತಿ ಮೋಲಿಯನ್ನು ಮರಳಿ ತಂದು ಅಂತ್ಯವನ್ನು ಮೆದುಗೊಳಿಸಿದರು, 2021ರದ್ದು ಸ್ಟ್ಯಾನ್‌ನನ್ನು ಪತನದಲ್ಲೇ ಬಿಡುತ್ತದೆ. ಕಾರ್ನಿವಲ್ ಕಲಾವಿದೆ ಝೀನಾಳ 'ಮನಸ್ಸು ಓದುವ' ಆಟವನ್ನೂ ಬಿಡಿಸಿ ನೋಡಿ. ಜನ ಬರೆದುಕೊಟ್ಟ ಪ್ರಶ್ನೆಗಳು ಗುಟ್ಟಾಗಿ ವೇದಿಕೆಯ ಕೆಳಗಿರುವ ಅವಳ ಗಂಡ ಪೀಟ್‌ಗೆ ಹೋಗುತ್ತವೆ, ಅವನು ಅವುಗಳನ್ನು ಅವಳಿಗೆ ಮುಟ್ಟಿಸುತ್ತಾನೆ. ಪ್ರೇಕ್ಷಕರಿಗೆ ಪವಾಡವಾದದ್ದು ನಮಗೆ ಕೆಲಸವಾಗಿ ಕಾಣುತ್ತದೆ.

ಡೇವಿಡ್ ಲಿಂಚ್‌ರ 'ದಿ ಎಲಿಫೆಂಟ್ ಮ್ಯಾನ್' (1980) ಚಿತ್ರದಲ್ಲಿ ವೈದ್ಯ ಟ್ರೀವ್ಸ್ ದುಡ್ಡು ಕೊಟ್ಟು ಒಳಗೆ ಹೋಗುತ್ತಾರೆ. ಅವರು ನೋಡುತ್ತಾರೆ, ನಮಗೆ ಕಾಣುವುದು ನೋಡುತ್ತಿರುವ ಅವರ ಮುಖ, ಕೆನ್ನೆಯ ಮೇಲಿಳಿಯುವ ನೀರು. ಪ್ರದರ್ಶನಕ್ಕಿಟ್ಟಿದ್ದ ವಿರೂಪದ ಮನುಷ್ಯ ಮೆರಿಕ್‌ನ ಮುಖ ನಮಗೆ ಸ್ಪಷ್ಟವಾಗಿ ಕಾಣುವ ಹೊತ್ತಿಗೆ ಆತ ಆಸ್ಪತ್ರೆಯ ಕೋಣೆಯಲ್ಲಿರುತ್ತಾನೆ, ಊಟ ತಂದ ನರ್ಸ್ ಚೀರುತ್ತಾಳೆ. ಉತ್ತರ ಬರೆಯುವಾಗ ಎಚ್ಚರ: ನಿಜವಾದ ಮೆರಿಕ್ ಹೆಸರು ಜೋಸೆಫ್, ಚಿತ್ರದಲ್ಲಿ ಜಾನ್. ಅವನನ್ನು ಪ್ರದರ್ಶನಕ್ಕಿಡುವ ಕ್ರೂರಿ ಬೈಟ್ಸ್ ಕಲ್ಪಿತ ಪಾತ್ರ. ಲಂಡನ್ನಿನಲ್ಲಿ ಮೆರಿಕ್‌ನನ್ನು ಪ್ರದರ್ಶಿಸಿದವರು ಟಾಮ್ ನಾರ್ಮನ್.

ಡೇರೆಯೇ ಇಲ್ಲದಿದ್ದರೆ

ಫೆಲಿನಿಯ 'ಲಾ ಸ್ಟ್ರಾಡಾ' (1954) ಲೆಕ್ಕವನ್ನು ತಲೆಕೆಳಗು ಮಾಡುತ್ತದೆ. ಊರೂರು ತಿರುಗಿ ಬಲಪ್ರದರ್ಶನ ಮಾಡುವ ಝಂಪಾನೊ ಹೆಚ್ಚಾಗಿ ಬಯಲಲ್ಲೇ ಆಡುತ್ತಾನೆ. ಹಾಗಾಗಿ ಆಟ ಮೊದಲು, ದುಡ್ಡು ಆಮೇಲೆ, ಅದೂ ಅವನ ಜೊತೆಗಾರ್ತಿ ಜೆಲ್ಸೊಮಿನಾ ಟೋಪಿ ಹಿಡಿದು ಸುತ್ತಿದಾಗ. ಬಾಗಿಲಿಲ್ಲದ ಕಡೆ ಜನರನ್ನು ಹಿಡಿದಿಡಬೇಕಾದದ್ದು ಮಾತು ಮಾತ್ರ. ಎದೆ ಉಬ್ಬಿಸಿ ಕಬ್ಬಿಣದ ಸರಪಳಿಯ ಕೊಂಡಿ ಮುರಿಯುವ ಮುನ್ನ ಅವನು ಒಂದು ಭಾಷಣ ಮಾಡುತ್ತಾನೆ: ಸರಪಳಿಯ ದಪ್ಪ ಹೇಳುತ್ತಾನೆ, ರಕ್ತ ಬಂದರೂ ಬರಬಹುದು, ಮೆದು ಮನಸ್ಸಿನವರು ನೋಡಬೇಡಿ ಎನ್ನುತ್ತಾನೆ. ಟಾಕರ್ ಕಟ್ಟೆಯ ಮೇಲೆ ಮಾಡುವ ಕೆಲಸವೇ ಇದು. ಈ ಭಾಷಣ ಚಿತ್ರದಲ್ಲಿ ಮತ್ತೆ ಮತ್ತೆ ಬರುತ್ತದೆ. ಪ್ರತಿ ಸಲವೂ ದನಿ, ವೇಗ, ಕಣ್ಣು ಎಲ್ಲಿ ನೋಡುತ್ತಿದೆ ಎಂಬುದನ್ನು ಬೇರೆ ಬೇರೆ ಸಾಲಿನಲ್ಲಿ ಬರೆದುಕೊಳ್ಳಿ. ಜೆಲ್ಸೊಮಿನಾ ಸತ್ತ ಸುದ್ದಿ ಕೇಳಿದ ಮೇಲೆ ಅವನು ಅದೇ ಮಾತನ್ನು ಜೀವವಿಲ್ಲದ ದನಿಯಲ್ಲಿ ಒಪ್ಪಿಸುತ್ತಾನೆ. ಅವನ ದುಃಖ ಹೇಳಲು ಫೆಲಿನಿಗೆ ಬೇರೆ ಸಂಭಾಷಣೆ ಬೇಕಾಗಲಿಲ್ಲ.

ತಿರುಗುವ ಯಂತ್ರಗಳು

ಮೆರಿ-ಗೋ-ರೌಂಡ್ ದೃಶ್ಯದಲ್ಲಿ ಕ್ಯಾಮೆರಾ ನೆಲದ ಮೇಲಿದೆಯೋ ಯಂತ್ರದ ಮೇಲಿದೆಯೋ ನೋಡಿ. ನೆಲದ ಮೇಲಿದ್ದರೆ ಪಾತ್ರ ಬಂದು ಹೋಗುತ್ತದೆ, ಕಾಯುವ ಕೆಲಸ ನಮ್ಮದು. ಯಂತ್ರದ ಮೇಲಿದ್ದರೆ ಪಾತ್ರ ಸ್ಥಿರ, ಲೋಕವೇ ಕದಡಿ ಹರಿಯುತ್ತದೆ. ಜಾನ್ ಎಪ್‌ಸ್ಟೈನ್ 'ಕೂರ್ ಫಿದೆಲ್' (1923) ಚಿತ್ರದಲ್ಲಿ ಎರಡನೆಯದನ್ನು ಆರಿಸಿಕೊಂಡರು. ಒಲ್ಲದ ಗಂಡಿನ ಪಕ್ಕ ಕೂತ ನಾಯಕಿ ಮಾರೀಯ ಮುಖ ಅಲುಗಾಡುವುದಿಲ್ಲ, ಹಿಂದೆ ಜಾತ್ರೆಯೆಲ್ಲ ಗಿರಗಿರನೆ ಸುತ್ತುತ್ತದೆ, ಕಟ್‌ಗಳು ಚಿಕ್ಕದಾಗುತ್ತ ಹೋಗುತ್ತವೆ. ಮೋಜಿನ ಯಂತ್ರ ಸೆರೆಮನೆಯಾಗುತ್ತದೆ.

ಹಿಚ್‌ಕಾಕ್‌ರ 'ಸ್ಟ್ರೇಂಜರ್ಸ್ ಆನ್ ಎ ಟ್ರೈನ್' (1951) ಕೊನೆಯಲ್ಲಿ ಯಂತ್ರ ನಡೆಸುವವನಿಗೆ ಗುಂಡು ತಗುಲಿ ಮೆರಿ-ಗೋ-ರೌಂಡ್ ಹತೋಟಿ ತಪ್ಪುತ್ತದೆ. ಅದನ್ನು ನಿಲ್ಲಿಸಲು ತಿರುಗುವ ಹಲಗೆಯ ಕೆಳಗೆ ತೆವಳಿದ ಮುದುಕ ನಿಜವಾಗಿಯೂ ತೆವಳಿದವನೇ. ಅಂಥ ಅಪಾಯವನ್ನು ಇನ್ನೊಮ್ಮೆ ಮಾಡಿಸೆನೆಂದು ಹಿಚ್‌ಕಾಕ್ ನಂತರ ಹೇಳಿದರು. ಯಂತ್ರ ಕುಸಿಯುವುದು ಮಾತ್ರ ಚಿಕ್ಕ ಮಾದರಿಯನ್ನು ಸಿಡಿಸಿ ಚಿತ್ರಿಸಿ, ದೊಡ್ಡ ಪರದೆಗೆ ಬಿಟ್ಟು, ಅದರ ಮುಂದೆ ಜನರನ್ನು ನಿಲ್ಲಿಸಿ ತೆಗೆದದ್ದು.

ತಿರುಗುವ ದಿಕ್ಕೂ ಸುಳಿವು ಕೊಡುತ್ತದೆ. ಬ್ರಿಟನ್ನಿನ ಮೆರಿ-ಗೋ-ರೌಂಡ್ ಸಾಮಾನ್ಯವಾಗಿ ಗಡಿಯಾರದ ದಿಕ್ಕಿನಲ್ಲಿ, ಅಮೆರಿಕದ್ದು ಅದಕ್ಕೆ ವಿರುದ್ಧವಾಗಿ ತಿರುಗುತ್ತದೆ. ನೆಲದ ಮೇಲೆ ನಿಂತು ನೋಡಿದರೆ ಅಮೆರಿಕದ ಯಂತ್ರದಲ್ಲಿ ನಮ್ಮ ಕಡೆಯ ಕುದುರೆಗಳು ಎಡದಿಂದ ಬಲಕ್ಕೆ ಹೋಗುತ್ತವೆ. ಒಂದೇ ದೃಶ್ಯದ ನಡುವೆ ಈ ದಿಕ್ಕು ಅದಲುಬದಲಾದರೆ ಸಂಕಲನದಲ್ಲಿ ಶಾಟನ್ನು ಎಡಬಲ ಮಗುಚಿ ಹಾಕಿರಬಹುದು. ಹಿನ್ನೆಲೆಯ ಬೋರ್ಡಿನ ಅಕ್ಷರ ನೋಡಿ ಖಚಿತಪಡಿಸಿಕೊಳ್ಳಿ. 'ಸಮ್‌ಥಿಂಗ್ ವಿಕೆಡ್ ದಿಸ್ ವೇ ಕಮ್ಸ್' (1983) ಚಿತ್ರದಲ್ಲಿ ಹಿಮ್ಮುಖ ತಿರುಗಣೆಯೇ ಕಥೆ: ಯಂತ್ರ ಹಿಂದಕ್ಕೆ ತಿರುಗಿದರೆ ಕೂತವರ ವಯಸ್ಸು ಇಳಿಯುತ್ತದೆ.

ಅಭ್ಯಾಸಕ್ಕೆ ಇಂಥ ದೃಶ್ಯವನ್ನು ನೀವೇ ಚಿತ್ರಿಸುವುದಾದರೆ ದೀಪಗಳು ಮಿಣುಕಿ ಶಾಟ್ ಕೆಡಿಸುತ್ತವೆ. ಸೆಕೆಂಡಿಗೆ 24 ಫ್ರೇಮ್ ವೇಗದಲ್ಲಿ 50 ಹರ್ಟ್ಸ್ ವಿದ್ಯುತ್ ಇರುವ ಕಡೆ ಕ್ಯಾಮೆರಾದ ಶಟರ್ ಕೋನವನ್ನು 172.8 ಡಿಗ್ರಿಗೆ, 60 ಹರ್ಟ್ಸ್ ಇರುವ ಕಡೆ 144 ಡಿಗ್ರಿಗೆ ಇಡಿ. ಡಿಮ್ಮರ್‌ಗೆ ಹಾಕಿದ ಎಲ್‌ಇಡಿ ಸರಗಳು ಇದಕ್ಕೂ ಬಗ್ಗದಿರಬಹುದು, ಮೊದಲೇ ಒಂದು ತುಣುಕು ತೆಗೆದು ನೋಡಿ.

ಬಂದು ಹೋಗುವವರು

ಸಿನಿಮಾ ತನ್ನ ಮೊದಲ ವರ್ಷಗಳಲ್ಲಿ ಜಾತ್ರೆಯ ಡೇರೆಯಲ್ಲೇ ಬೆಳೆದದ್ದು. ಬ್ರಿಟನ್ನಿನ ಮಿಚೆಲ್ ಮತ್ತು ಕೆನ್ಯನ್ ಕಂಪನಿ ಕಾರ್ಖಾನೆ ಬಿಟ್ಟು ಬರುವ ಊರವರನ್ನು ಚಿತ್ರಿಸಿ ಕೊಡುತ್ತಿತ್ತು. ಜಾತ್ರೆಯ ಪ್ರದರ್ಶಕರು ಅದನ್ನು ಅದೇ ಊರಿನಲ್ಲಿ ತೋರಿಸುತ್ತಿದ್ದರು. ತಮ್ಮನ್ನು ತಾವೇ ನೋಡಲು ಜನ ದುಡ್ಡು ಕೊಟ್ಟರು. ಇವರ ಸುಮಾರು 800 ನೆಗೆಟಿವ್‌ಗಳು 1994ರಲ್ಲಿ ಬ್ಲ್ಯಾಕ್‌ಬರ್ನ್‌ನಲ್ಲಿ ಸಿಕ್ಕವು. ಜಾಕ್ ತಾತಿಯವರ 'ಜೂರ್ ದ ಫೆತ್' (1949) ಈ ನೆನಪನ್ನು ಕಥೆಯೊಳಗೇ ಇಟ್ಟಿದೆ. ಮರದ ಕುದುರೆಗಳನ್ನು ಹೇರಿಕೊಂಡ ಗಾಡಿ ಹಳ್ಳಿಗೆ ಬರುತ್ತದೆ, ಜಾತ್ರೆಯ ಡೇರೆಯಲ್ಲಿ ಅಮೆರಿಕದ ಅಂಚೆಯ ಸಿನಿಮಾ ನೋಡಿದ ಪೋಸ್ಟ್‌ಮ್ಯಾನ್ ತಾನೂ ಹಾಗೇ ಓಡಲು ಹೊರಡುತ್ತಾನೆ.

ಜಿ. ಅರವಿಂದನ್‌ರ ಮಲಯಾಳಂ ಚಿತ್ರ 'ತಂಬ್' (1978) ಸರ್ಕಸ್ ಚಿತ್ರವಾದರೂ ಇಲ್ಲಿ ಸೇರಲೇಬೇಕು, ಏಕೆಂದರೆ ಅದರ ಕ್ಯಾಮೆರಾ ಹೆಚ್ಚು ಹೊತ್ತು ನೋಡುವುದು ನೋಡುವವರನ್ನೇ. ಭಾರತಪುಳ ದಂಡೆಯ ಹಳ್ಳಿಯಲ್ಲಿ ನಿಜವಾದ ಸರ್ಕಸ್ ತಂಡ ಡೇರೆ ಹಾಕಿತು. ಆಟ ನೋಡುತ್ತಿದ್ದ ಊರವರ ಮುಖಗಳನ್ನು ಶಾಜಿ ಕರುಣ್ ಚಿತ್ರಿಸಿಕೊಂಡರು. ಬಾಯಿ ತೆರೆದ ಮುದುಕ, ಕಣ್ಣು ಮುಚ್ಚಿಕೊಂಡು ಮತ್ತೆ ಬೆರಳ ಸಂದಿಯಿಂದ ನೋಡುವ ಮಗು. ಇಂಥದನ್ನು ನಟನೆಯಿಂದ ಪಡೆಯುವುದು ಕಷ್ಟ.

ಯಾವ ಪ್ರತಿ ನೋಡಿದಿರಿ?

ಈ ಚಿತ್ರಗಳಲ್ಲಿ ಹಲವು ಕತ್ತರಿಗೆ ಸಿಕ್ಕಿವೆ. 'ಫ್ರೀಕ್ಸ್' ಸುಮಾರು 90 ನಿಮಿಷದ್ದು, ಈಗ ಉಳಿದಿರುವುದು 64. ಬ್ರಿಟನ್ನಿನಲ್ಲಿ 1963ರವರೆಗೆ ನಿಷೇಧವಿತ್ತು. ಡ್ಯೂಪಾಂಟ್‌ರ 'ವರೈಟಿ' (1925) ಅಮೆರಿಕದಲ್ಲಿ ಬಿಡುಗಡೆಯಾದಾಗ, ನಾಯಕ ಹೆಂಡತಿಯನ್ನು ತೊರೆಯುವ ಹ್ಯಾಂಬರ್ಗ್ ಜಾತ್ರೆಯ ಭಾಗವನ್ನೇ ಕಿತ್ತುಹಾಕಿದರು. ಆ ಪ್ರತಿ ನೋಡಿದವರಿಗೆ, ಅವನು ಯಾರಿಗಾಗಿ ಹೆಂಡತಿಯನ್ನು ತೊರೆದನೋ ಆ ಬರ್ಟಾಳೇ ಅವನ ಹೆಂಡತಿಯಂತೆ ಕಾಣುತ್ತಾಳೆ. 'ಜೂರ್ ದ ಫೆತ್' ಬಣ್ಣದಲ್ಲೂ ಕಪ್ಪುಬಿಳುಪಿನಲ್ಲೂ ಒಟ್ಟಿಗೆ ಚಿತ್ರಿತವಾಯಿತು. ಬಣ್ಣದ ಪ್ರತಿ ಮುದ್ರಿಸಲಾಗದೆ 1949ರಲ್ಲಿ ಕಪ್ಪುಬಿಳುಪು ಬಂತು, 1964ರಲ್ಲಿ ತಾತಿ ಅಲ್ಲಲ್ಲಿ ಬಣ್ಣ ಹಚ್ಚಿ ಚಿತ್ರಕಾರನೊಬ್ಬನ ಪಾತ್ರ ಸೇರಿಸಿದರು, ಮೂಲ ಬಣ್ಣ ತೆರೆಗೆ ಬಂದದ್ದು 1995ರಲ್ಲಿ. ಆದ್ದರಿಂದ ಟಿಪ್ಪಣಿಯ ಮೊದಲ ಸಾಲಿನಲ್ಲೇ ನೀವು ನೋಡಿದ ಪ್ರತಿಯ ವರ್ಷ, ಅವಧಿ ಬರೆದಿಡಿ, ದೃಶ್ಯಗಳ ಸಮಯವನ್ನು ಆ ಪ್ರತಿಯಿಂದಲೇ ಗುರುತಿಸಿ.